ನನ್ನ ತುಟಿ, ನಿಮ್ಮ ಮಾತು

“ನಾನು ಹಾಗೆ ಹೇಳೇ ಇಲ್ಲ, ಅಣ್ಣ!”

ತಲೆಗೆ ಸುತ್ತಿದ್ದ ಶಾಲನ್ನೂ ತೆಗೆಯದೆ ನಟಿ ಮಾತುಗಾರನ ಎದುರು ನಿಂತಿದ್ದಳು. ಸಂಜೆಯ ಆಟಕ್ಕೆ ಇನ್ನೇನು ಗಂಟೆ ಹೊಡೆಯಬೇಕು. ಮೂಕಿ ಚಿತ್ರದಲ್ಲಿ ತುಟಿ ಆಡಿಸುವುದು ನಟರ ಕೆಲಸ. ತೆರೆಯ ಪಕ್ಕ ನಿಂತು ಅವರೆಲ್ಲರ ಮಾತನ್ನು ಒಬ್ಬನೇ ಕೂಗಿ ಹೇಳುವುದು ಈ ಮಹಾನುಭಾವನ ಕೆಲಸ. ಉಪ್ಪುನೀರಲ್ಲಿ ಬಾಯಿ ಮುಕ್ಕಳಿಸುತ್ತಿದ್ದವನು ಉಗಿದು ಕೇಳಿದ, “ಏನು ಹೇಳಿಲ್ಲ ತಾಯಿ?”

“ಗಂಡ ಅನುಮಾನಪಟ್ಟಾಗ ‘ನಾನು ಆ ಮನೆಗೆ ಹೋಗೇ ಇಲ್ಲ’ ಅಂತ ಅತ್ತಿದೀನಿ. ನೀವು ‘ಹೌದು, ಹೋಗಿದ್ದೆ, ಏನೀಗ?’ ಅಂತೀರಂತೆ!”

“ಅಳೋದಕ್ಕೆ ಯಾರಮ್ಮ ಶಿಳ್ಳೆ ಹೊಡೀತಾರೆ?”

ಅವಳಿಗೆ ಮೈಯೆಲ್ಲ ಉರಿದುಹೋಯಿತು. “ನಿಮಗೆ ಶಿಳ್ಳೆ! ನಮ್ಮತ್ತೆ ಮೊನ್ನೆ ನೋಡ್ಕೊಂಡು ಬಂದವರು ಮಗುನ ನನ್ನ ಕೈಗೇ ಕೊಡ್ತಿಲ್ಲ. ‘ಇಂಥವಳು ಮಗು ಸಾಕ್ತಾಳಾ’ ಅಂತಾರೆ. ಇವತ್ತು ನಮ್ಮನೆಯವರನ್ನೂ ಕರ್ಕೊಂಡು ಬಂದಿದಾರೆ. ಅವರೂ ಅದನ್ನೇ ಕೇಳಿದ್ರೆ ನನ್ನ ಕಥೆ ಮುಗೀತು. ಕೈ ಮುಗೀತೀನಿ, ಇವತ್ತೊಂದಿನ ನಾನು ಆಡಿದ ಮಾತು ಹೇಳಿ.”

ಮಾತುಗಾರನ ಮುಖ ಸಪ್ಪಗಾಯಿತು. “ಆಯ್ತಮ್ಮ, ಹೋಗಿ ಕೂತ್ಕೋ. ಹೇಳ್ತೀನಿ,” ಎಂದ. ಆ ಗಳಿಗೆಯಲ್ಲಿ ಪುಣ್ಯಾತ್ಮ ನಿಜವಾಗಿಯೂ ಹಾಗೇ ಅಂದುಕೊಂಡಿದ್ದ.

ಅವಳು ಹಿಂದಿನ ಬೆಂಚಿನ ಕತ್ತಲಲ್ಲಿ ಕೂತಳು. ಸ್ವಲ್ಪ ಮುಂದೆ ಅತ್ತೆ, ಅವರ ಪಕ್ಕದಲ್ಲಿ ಗಂಡ. ಕೊನೆಗೂ ಆ ದೃಶ್ಯ ಬಂತು. ತೆರೆಯ ಮೇಲಿನ ಗಂಡ ಬೆರಳು ತೋರಿಸಿ ಗದರಿದ. ತೆರೆಯ ಮೇಲಿನ ಅವಳ ತುಟಿ ಅಲುಗಿತು. ಮಾತುಗಾರ ಒಂದು ಕ್ಷಣ ಸುಮ್ಮನಿದ್ದ.

“ಏನಯ್ಯಾ, ನಾಲಿಗೆ ಬಿದ್ದುಹೋಯ್ತಾ? ಹೇಳೋ!” ಎಂದು ಮುಂದಿನಿಂದ ಯಾರೋ ಕೂಗಿದರು. ಬೆಂಚುಗಳ ಮೇಲೆ ದಬದಬ ಗುದ್ದು ಬಿತ್ತು. ಬಾಗಿಲಲ್ಲಿ ಮಾಲೀಕ ಕಣ್ಣು ಕೆಂಪಗೆ ಮಾಡಿಕೊಂಡು ನಿಂತಿದ್ದ.

“ಹೌದು! ಹೋಗಿದ್ದೆ! ಏನೀಗ?” ಎಂದುಬಿಟ್ಟ ಮಾತುಗಾರ.

ಶಿಳ್ಳೆಯೋ ಶಿಳ್ಳೆ. ನಟಿ ಎದ್ದು ನಿಂತು ಗಂಟಲು ಹರಿಯುವಂತೆ ಕೂಗಿದಳು, “ಸುಳ್ಳು! ನಾನು ಹೋಗಿಲ್ಲ! ನಾನು ಹೋಗೇ ಇಲ್ಲ!”

ಆ ಗದ್ದಲದಲ್ಲಿ ಗಂಡ ಇತ್ತ ತಿರುಗಲೇ ಇಲ್ಲ. ಪಕ್ಕದಲ್ಲಿದ್ದ ಮುದುಕ ಅವಳ ಶಾಲು ಹಿಡಿದೆಳೆದು ಕೂರಿಸಿದ.

“ಸುಮ್ನೆ ಕೂತ್ಕೊಳ್ಳಮ್ಮ. ಅವಳೇ ಒಪ್ಕೊಂಡಾಯ್ತು, ಮಧ್ಯೆ ನಿಂದೇನು?”