ಡಿಶ್ ತುಂಬ ಮೆಣಸು

ಹಸಿ ಕಾಳುಮೆಣಸು ಬಿಸಿಲಿಗೆ ಒಣಗುವ ವಾಸನೆ ಬಂದರೆ ನನಗೆ ಇವತ್ತಿಗೂ ಸರ್ಕಾರದ ಮಕ್ಕಳ ಚಾನೆಲ್ ನೆನಪಾಗುತ್ತದೆ.

ಚಿಕ್ಕಂದಿನಲ್ಲಿ ಒಮ್ಮೆ, ನಮ್ಮ ತೋಟಕ್ಕೆ ನುಗ್ಗಿ ಬಾಳೆ ಮುರಿದಿದ್ದ ಆನೆಯ ಚಿತ್ರವೊಂದನ್ನು ಬಿಡಿಸಿ ಆ ಚಾನೆಲ್‌ಗೆ ಕಳಿಸಿದ್ದೆ. ಅದನ್ನು ತೋರಿಸುವ ಭಾನುವಾರ, ಇಡೀ ದೇಶವೇ ಕಾದಿದೆಯೆಂಬ ನಂಬಿಕೆಯಲ್ಲಿ ಎಣ್ಣೆ ಹಚ್ಚಿ ತಲೆ ಬಾಚಿ ಟಿವಿ ಮುಂದೆ ಕುಳಿತೆ. ಪರದೆಯ ತುಂಬ ಬರೀ ಚುಕ್ಕಿ. ಹೊರಗೆ ಓಡಿದರೆ, ಸಂಪಾಜೆಯ ನಮ್ಮ ಅಂಗಳದಲ್ಲಿ ಆಕಾಶಕ್ಕೆ ಮುಖ ಮಾಡಿದ್ದ ದೊಡ್ಡ ಡಿಶ್‌ನೊಳಗೆ ಅಜ್ಜಿ ಮೆಣಸು ಹರವಿದ್ದರು.

“ಎಂಥ ಅಜ್ಜಿ ಇದು!”

“ಇಡೀ ದಿನ ಬಿಸಿಲು ಬೀಳ್ತದೆ, ಕೋಳಿ ಹತ್ತುದಿಲ್ಲ. ಮೆಣಸಿಗಲ್ಲದೆ ಮತ್ತೆಂಥಕ್ಕೆ ಇಟ್ಟದ್ದು?”

“ದೆಹಲಿಗೂ ನಮಗೂ ನಡುವೆ ಎರಡು ಸೇರು ಮೆಣಸು ಬಂತು,” ಎಂದು ಅಜ್ಜ ಜಡ್ಜ್ ಸಾಹೇಬರಂತೆ ತೀರ್ಪಿತ್ತರು.

ಅಳುತ್ತ ವಿಷಯ ಹೇಳಿದೆ. ಅಜ್ಜಿ ಮೆಣಸನ್ನು ಸೆರಗಿಗೆ ಬಾಚಿಕೊಂಡರು. ಅಷ್ಟರಲ್ಲಿ ಕಾರ್ಯಕ್ರಮ ಮುಗಿದಿತ್ತು. ಅವರು ಮೆಣಸನ್ನು ಚಾಪೆಯ ಮೇಲೆ ತೆಳ್ಳಗೆ ಹರವಿ, “ಇದರಲ್ಲಿ ಬಿಡಿಸು ಮಗ, ನಾನು ನೋಡ್ತೇನೆ,” ಎಂದರು. ಬೆರಳಿನಿಂದ ಆನೆ ಬಿಡಿಸಿದೆ.

ಆಗಾಗ ಕೈಯಾಡಿಸದಿದ್ದರೆ ಮೆಣಸು ಕೆಡುತ್ತದೆಂದು ಊರಿಗೆಲ್ಲ ಪಾಠ ಹೇಳುತ್ತಿದ್ದ ಅಜ್ಜಿ, ಅಂದು ಸಂಜೆಯವರೆಗೆ ಆ ಚಾಪೆಯನ್ನು ಯಾರಿಗೂ ಮುಟ್ಟಲು ಬಿಡಲಿಲ್ಲ.