ಬಾಗಿಲ ಆಚೆಯ ದನಿ

"ಮುಖ ನಿಂದೇ ಕಣೋ. ಆದ್ರೆ ಮಾತಾಡ್ತಿರೋನು ಯಾವನೋ ಬೇರೆಯವ್ನು," ಎಂದಳು ಷೋಘಿಕ್. ಊರಿನ ಕ್ಲಬ್ಬಿನ ಪರದೆಯ ಮೇಲೆ ಅವಳ ಮಗ ವರಾಜ್ದಾತ್ ರಷ್ಯನ್ ಮಾತಾಡುತ್ತಿದ್ದ. ಹುರಿದ ಸೂರ್ಯಕಾಂತಿ ಬೀಜ ಅವಳ ಮುಷ್ಟಿಯಲ್ಲೇ ಉಳಿದಿತ್ತು.

ಪಕ್ಕದಲ್ಲೇ ಕೂತಿದ್ದ ವರಾಜ್ದಾತ್ ತಲೆ ತಗ್ಗಿಸಿದ. ಇಷ್ಟು ವರ್ಷ ನಟಿಸಿದರೂ ಅಮ್ಮ ಅವನ ಚಿತ್ರ ನೋಡುತ್ತಿದ್ದುದು ಇದೇ ಮೊದಲು. ಚಿತ್ರದಲ್ಲಿ ಅವನು ಆಡಿದ್ದು ತಮ್ಮೂರಿನ ಅರ್ಮೇನಿಯನ್ ಮಾತನ್ನೇ. ಊರಿಗೆ ಬಂದದ್ದು ಮಾತ್ರ ಮಾಸ್ಕೋದಲ್ಲಿ ಬೇರೊಬ್ಬನ ದನಿ ಕೂಡಿಸಿದ ಪ್ರತಿ.

ಪರದೆಯಲ್ಲಿ ಅವನು ಯುದ್ಧ ಮುಗಿಸಿ ಬಂದ ಸೈನಿಕ. ಸೈನಿಕನಿಗೆ ಮನೆ ಹತ್ತಿರವಾಗುತ್ತಿದ್ದಂತೆ ವರಾಜ್ದಾತ್ ತನ್ನ ಮಾತುಗಳನ್ನು ಅಮ್ಮನ ಕಿವಿಯಲ್ಲಿ ತಾನೇ ಹೇಳತೊಡಗಿದ.

"ಏಯ್, ಸುಮ್ನಿರಯ್ಯಾ!" ಹಿಂದಿನ ಸಾಲಿನ ಮುದುಕ ಗದರಿ, ಬಗ್ಗಿ ನೋಡಿದ. "ಓ, ನೀನೇನಾ? ಹಾಗಾದ್ರೆ ಜೋರಾಗೇ ಹೇಳಪ್ಪಾ, ನಮಗೂ ಕೇಳ್ಲಿ. ಲೋ ಗುರ್ಗೆನ್, ಆ ಮಾಸ್ಕೋದವ್ನ ಬಾಯಿ ಮುಚ್ಸೋ!"

ಹಿಂದೆ ಚಿತ್ರ ಓಡಿಸುವ ಯಂತ್ರದ ಕೋಣೆಯಲ್ಲಿದ್ದ ಗುರ್ಗೆನ್ ದನಿಯನ್ನು ಪೂರ್ತಿ ಇಳಿಸಿದ. ಸೈನಿಕ ಸದ್ದಿಲ್ಲದೆ ಬಾಗಿಲು ತಟ್ಟಿದ. ಅವನ ತುಟಿ ಅಲುಗಿತು.

"ಅಮ್ಮಾ, ಬಾಗ್ಲು ತೆಗಿ. ನಾನು ಬಂದಿದೀನಿ," ಎಂದ ವರಾಜ್ದಾತ್.

ಷೋಘಿಕ್ ದಡಬಡಿಸಿ ಎದ್ದು ನಿಂತಳು. ಮುಷ್ಟಿಯ ಬೀಜವೆಲ್ಲ ನೆಲಕ್ಕೆ ಚೆಲ್ಲಿತು. "ಬಂದೆ, ನನ್ನಪ್ಪಾ, ತಡಿ, ಬಂದೆ."