ಕೋಮಲಾಳ ಕೋಳಿಮರಿ

ಹೋಳಿ ಹುಣ್ಣಿಮೆ ಕಳೆದು ಮೂರು ದಿನ. ಬೆಳಗಿನ ಹತ್ತರ ಬಿಸಿಲು ಆಗಲೇ ಚುರುಗುಟ್ಟುತ್ತಿತ್ತು. ಜುಗೂಳದ ತೋಟದ ಮನೆಯಲ್ಲಿ ವಿಶಾಲ ಡ್ರಿಪ್ ಪೈಪಿನ ತುಂಡು ಹಿಡಿದು ಹೆಂಡತಿಯ ಬೆನ್ನಿಗೆ ನಾಲ್ಕನೆಯ ಏಟು ಹಾಕಿದ. ಅಷ್ಟರಲ್ಲಿ ಮೂಲೆಯಲ್ಲಿದ್ದ ಅವಳ ಮೊಬೈಲು ಪೀಂ ಪೀಂ ಎಂದು ಕೂಗಿತು.

ಕೋಮಲ ಅಳು ನಿಲ್ಲಿಸಿ ತೆವಳುತ್ತ ಹೋದಳು. ತುಟಿಯ ರಕ್ತ ಒರೆಸಿದ ಬೆರಳಿನಿಂದಲೇ ಒತ್ತಿದಳು. ಪರದೆಯ ಮೇಲೆ ಚುಕ್ಕಿಚುಕ್ಕಿಯ ಕೋಳಿಮರಿ ಬಾಯಿ ತೆರೆದು ಕಾಳು ನುಂಗಿತು.

"ಬಡಿಸ್ಕೊಳ್ಳೂ ಮುಂದೂ ಕೋಳಿ ಸಾಕ್ತೀಯೇನಲೇ?"

"ಹಸದೈತ್ರಿ. ಕಾಳ ಹಾಕ್ಲಿಲ್ಲಂದ್ರ ಸಾಯ್ತೈತಿ."

"ಸಾಯ್ಲಿ!"

"ಈಗ ಬ್ಯಾಡ್ರಿ."

ಚಿಕ್ಕಂದಿನಲ್ಲಿ ನಿಪ್ಪಾಣಿ ಸಂತೆಯಲ್ಲಿ ಅಪ್ಪ ಕೊಡಿಸಿದ್ದ ಆಟಿಕೆ ಅದು. ಮೊಟ್ಟೆಯಾಕಾರ, ಮೂರು ಗುಂಡಿ. ಕೆಟ್ಟುಹೋಗಿ ಎಷ್ಟೋ ವರ್ಷವಾಗಿತ್ತು. ಅಥಣಿಯ ತಮ್ಮ ರೋಹನ ದೀಪಾವಳಿಗೆ ಬಂದಾಗ ಅದೇ ಮರಿಯನ್ನು ಮೊಬೈಲಿಗೆ ಇಳಿಸಿಕೊಟ್ಟಿದ್ದ. ದಿನಕ್ಕೆ ಮೂರು ಹೊತ್ತು ಕಾಳು. ಒಂದು ದಿನ ತಪ್ಪಿದರೆ ಸಾವು.

ಸಿಮ್ಮನ್ನು ವಿಶಾಲ ಎಂದೋ ಮುರಿದಿದ್ದ. ಮನೆಯ ವೈಫೈ ಮೇಲೆ ಏನಾದರೂ ಕಳಿಸಿದ್ದಾಳೋ ಎಂದು ಸಂಜೆಗೊಮ್ಮೆ ಮೊಬೈಲು ಕಸಿದು ನೋಡುವನು. ಕೋಳಿಮರಿ ಬಿಟ್ಟರೆ ಏನೂ ಇರುತ್ತಿರಲಿಲ್ಲ. ತವರಿನವರು ಬುತ್ತಿ ಕಟ್ಟಿಕೊಂಡು ಕರೆಯಲು ಬಾರದೆ ಆ ಕಡೆಯ ಹೆಣ್ಣು ಗಂಡನ ಹೊಸ್ತಿಲು ದಾಟುವುದಿಲ್ಲ. ಕರೆಯಲು ಬನ್ನಿ ಎಂದು ಅವರಿಗೆ ಹೇಳುವವರು ಯಾರು? ಅವನು ನಿಶ್ಚಿಂತನಾಗಿದ್ದ.

ಮಗಳು ಮನೀಷಾಳ ಹತ್ತನೆಯ ತರಗತಿಯ ಪರೀಕ್ಷೆ ಶುರುವಾಯಿತು. ಏಟು ನಿಲ್ಲಲಿಲ್ಲ. ಗಣಿತದ ದಿನ ಕೋಮಲಾಳ ಬಲಗೈ ಬೆರಳು ಮುರಿಯಿತು. ಎಡಗೈಯಿಂದ ಕಾಳು ಹಾಕಿದಳು.

ಕೊನೆಯ ಪೇಪರು ಬುಧವಾರ. ಅಂದು ಹುಡುಗಿ ಪರೀಕ್ಷೆಗೆ ಹೋಗುತ್ತಲೇ ಸಾರಿಗೆ ಉಪ್ಪು ಹೆಚ್ಚೆಂದು ವಿಶಾಲ ಹೆಂಡತಿಯ ತಲೆಯನ್ನು ಗೋಡೆಗೆ ಜಜ್ಜಿದ. ಮರಿ ಕೂಗಿತು. ಅವಳು ಕದಲಲಿಲ್ಲ. ಮಧ್ಯಾಹ್ನ ಕೂಗಿತು, ಸಂಜೆ ಕೂಗಿತು. ಮರುದಿನ ಬೆಳಿಗ್ಗೆ ಪರದೆಯ ಮೇಲೆ ಮರಿ ಕಾಲು ಮೇಲಾಗಿ ಬಿದ್ದಿತ್ತು.

ವಿಶಾಲ ಹೊಟ್ಟೆ ಹಿಡಿದು ನಕ್ಕ. "ಈಗ ಬುದ್ಧಿ ಬಂತ ನೋಡ ನಿನಗ!"

"ಹೌದ್ರಿ. ಇನ್ನ ಅದರ ಕೆಲಸ ಇಲ್ಲ."

ಹನ್ನೆರಡಕ್ಕೆ ಅಂಗಳದಲ್ಲಿ ಜೀಪು ನಿಂತಿತು. ಬುತ್ತಿಯ ಗಂಟು ಹಿಡಿದು ರೋಹನ ಇಳಿದ. ಹಿಂದೆ ಮೂವರು ದೊಡ್ಡಪ್ಪನ ಮಕ್ಕಳು.

"ಅಕ್ಕನ್ನ ಕರಿಯಾಕ ಬಂದೇವ್ರಿ, ಮಾವಾರ."

ವಿಶಾಲ ಕಬ್ಬು ಕಡಿಯುವ ಕೊಯ್ತಾ ಎತ್ತಿದ. ಒಬ್ಬ ಅವನ ಮಣಿಕಟ್ಟು ಲಟಕ್ಕನೆ ತಿರುವಿದ. ಇನ್ನೊಬ್ಬನ ಗುದ್ದಿಗೆ ಎರಡು ಹಲ್ಲು ಉದುರಿದವು.

"ಯಾಂವ ಹೇಳಿದ್ನಲೇ ನಿನಗ?" ಅವನು ರಕ್ತ ಉಗುಳಿದ.

ರೋಹನ ತನ್ನ ಮೊಬೈಲು ತೆಗೆದು ಅವನ ಮುಖಕ್ಕೆ ಹಿಡಿದ. ಅದರಲ್ಲಿಯೂ ಅದೇ ಮರಿ ಸತ್ತು ಬಿದ್ದಿತ್ತು.

ಎರಡೂ ಮೊಬೈಲಿನಲ್ಲಿ ಒಂದೇ ಮರಿ. ದೀಪಾವಳಿಯಲ್ಲೇ ಅಕ್ಕ ತಮ್ಮನ ಮಾತಾಗಿತ್ತು: ಮನೀಷಾಳ ಪರೀಕ್ಷೆ ಮುಗಿಯುವ ತನಕ ಅದು ಬದುಕಬೇಕು, ಮುಗಿದ ಮೇಲೆ ಸಾಯಬೇಕು.

ತಾಯಿ ಮಗಳಿಬ್ಬರೂ ಆ ಗುರುವಾರವೇ ಅಥಣಿಗೆ ಹೋದರು.